ಗುಣದ ಬೆಡಂಗಿ: ನಾಟ್ಯಶಾಸ್ತ್ರದ ನಾಯಿಕೆ ಮತ್ತು ಶಾಸನದ ಅಕ್ಕಾದೇವಿ

ಭರತನ ನಾಟ್ಯಶಾಸ್ತ್ರದಲ್ಲಿ ‘ಶೋಭೆ’ ಎಂಬ ಒಂದೇ ಪದಕ್ಕೆ ಎರಡು ಲಕ್ಷಣಗಳಿವೆ. ಪುರುಷನ ಶೋಭೆ ದಕ್ಷತೆ, ಶೌರ್ಯ, ಉತ್ಸಾಹಗಳಿಂದ ಹುಟ್ಟುತ್ತದೆ. ಸ್ತ್ರೀಯ ಶೋಭೆ ರೂಪ, ಯೌವನ, ಲಾವಣ್ಯಗಳಿಂದ. ಸ್ತ್ರೀಯರಿಗೆ ವಿಧಿಸಿದ 20 ಅಲಂಕಾರಗಳಲ್ಲಿ ಧೈರ್ಯವೂ ಸೇರಿದೆ. ಆದರೆ ಅದು ಚಾಪಲ್ಯವೂ ಆತ್ಮಶ್ಲಾಘನೆಯೂ ಇಲ್ಲದ ಚಿತ್ತವೃತ್ತಿಯೇ ಹೊರತು ರಣಧೈರ್ಯವಲ್ಲ. ಅಷ್ಟನಾಯಿಕೆಯರ ವಿಂಗಡಣೆಗೂ ಪ್ರಿಯನೊಡನೆ ಅವರಿಗಿರುವ ಸಂಬಂಧವೇ ಆಧಾರ.

ನಾಟಕಗಳು ಈ ಎಲ್ಲೆಯನ್ನು ಬಹುಮಟ್ಟಿಗೆ ಪಾಲಿಸಿದವು. ಭಟ್ಟನಾರಾಯಣನ ‘ವೇಣೀಸಂಹಾರ’ದಲ್ಲಿ ದ್ರೌಪದಿಯ ಕ್ರೋಧವೇ ಕಥೆಯನ್ನು ನಡೆಸುತ್ತದೆ, ಗದೆ ಮಾತ್ರ ಭೀಮನ ಕೈಯಲ್ಲಿದೆ. ನಾಟಕೀಯತೆಗೆ ಹೆಸರಾದ ರನ್ನನ ‘ಗದಾಯುದ್ಧ’ವೂ ಆಕೆಗೆ ಛಲವನ್ನು ಕೊಟ್ಟಿತು, ಆಯುಧವನ್ನು ಕೊಡಲಿಲ್ಲ.

ರನ್ನನ ಆಶ್ರಯದಾತ, ಕಲ್ಯಾಣ ಚಾಲುಕ್ಯರ ಸತ್ಯಾಶ್ರಯನಿಗೆ ‘ಇರಿವಬೆಡಂಗ’ ಎಂಬ ಬಿರುದಿತ್ತು. ಆತನ ತಮ್ಮ ದಶವರ್ಮನ ಮಗಳು ಅಕ್ಕಾದೇವಿಯ ಬಿರುದು ‘ಗುಣದಬೆಡಂಗಿ’. ಬೆಡಂಗು ಎಂದರೆ ಸೊಬಗು. ಗಂಡಿನ ಸೊಬಗು ಇರಿಯುವುದರಲ್ಲಿ, ಹೆಣ್ಣಿನ ಸೊಬಗು ಗುಣದಲ್ಲಿ! ಶಾಸ್ತ್ರದ ವಿಭಜನೆ ಬಿರುದುಗಳಲ್ಲೂ ಮರುಕಳಿಸಿದಂತೆ ತೋರುತ್ತದೆ.

ಆದರೆ ಶಾಸನಗಳು ಅಲ್ಲಿಗೇ ನಿಲ್ಲುವುದಿಲ್ಲ. ಕಿಸುಕಾಡು ಎಪ್ಪತ್ತನ್ನು ಆಳುತ್ತಿದ್ದ ಅಕ್ಕಾದೇವಿಯನ್ನು ಬಾದಾಮಿ ತಾಲ್ಲೂಕಿನ ಬೇಲೂರಿನ 1022ರ ಶಾಸನವು ರಣದಲ್ಲಿ ಭೈರವಿಗೆ ಹೋಲಿಸುತ್ತದೆ. ಜಿನ, ಬುದ್ಧ, ಅನಂತ, ರುದ್ರರ ವಿಧಿಗಳನ್ನು ಆಕೆ ಆಚರಿಸುತ್ತಿದ್ದುದನ್ನೂ ಹೇಳುತ್ತದೆ. ಮುಂದೆ ಬನವಾಸಿ ನಾಡಿನ ಜೊತೆಗೆ ಪಾನುಂಗಲ್ಲು ಐನೂರರ, ಅಂದರೆ ಇಂದಿನ ಹಾನಗಲ್ಲು ಸೀಮೆಯ, ಆಡಳಿತದಲ್ಲೂ ಆಕೆಯ ಹೆಸರು ಕಾಣುತ್ತದೆ.

ಭೈರವಿಯ ಹೋಲಿಕೆಯನ್ನು ಪ್ರಶಸ್ತಿಕಾರನ ಉತ್ಪ್ರೇಕ್ಷೆಯೆಂದು ಯಾರಾದರೂ ತಳ್ಳಿಹಾಕಬಹುದು. ಆದರೆ ಬಾಗಲಕೋಟೆ ಜಿಲ್ಲೆಯ ಅರಸಿಬೀದಿಯ 1047ರ ಶಾಸನಕ್ಕೆ ಈ ಆಕ್ಷೇಪ ತಾಗದು. ವಿಕ್ರಮಪುರವೆಂಬ ಆ ಊರಿನ ಗೊಣದಬೆಡಂಗಿ ಜಿನಾಲಯಕ್ಕೆ ದತ್ತಿ ಬಿಟ್ಟಾಗ ಅಕ್ಕಾದೇವಿ ಗೋಕಾಗೆಯ, ಅಂದರೆ ಗೋಕಾಕದ, ಕೋಟೆಯನ್ನು ಮುತ್ತಿ ಬೀಡುಬಿಟ್ಟಿದ್ದಳೆಂದು ಅದು ತಿಳಿಸುತ್ತದೆ. ಇದು ಹೊಗಳಿಕೆಯಲ್ಲ, ದತ್ತಿ ಎಲ್ಲಿಂದ ಹೊರಟಿತೆಂಬುದರ ದಾಖಲೆ. ಬಸದಿಯ ಹೆಸರಿನಲ್ಲಿ ಬೆಡಂಗಿ, ಬೀಡಿನಲ್ಲಿ ಭೈರವಿ: ಇಬ್ಬರೂ ಒಬ್ಬಳೇ.

ಕೋಟೆಯ ಮುತ್ತಿಗೆಯನ್ನು ರಂಗದ ಮೇಲೆ ಪ್ರತ್ಯಕ್ಷವಾಗಿ ತೋರಿಸದೆ ಪ್ರವೇಶಕದಲ್ಲಿ ಸೂಚಿಸಬೇಕೆಂಬುದು ಭರತನ ನಿಯಮ. ನಾಯಕನ ಮುತ್ತಿಗೆ ಹೀಗೆ ಸೂಚನೆಯಾಗಿಯಾದರೂ ನಾಟಕದೊಳಗೆ ಬರುತ್ತದೆ. ನಾಯಿಕೆಯ ಮುತ್ತಿಗೆಗೆ ಲಕ್ಷಣಗಳಲ್ಲಿ ಹೆಸರೇ ಇಲ್ಲ. ಆದುದರಿಂದ ಪ್ರಾಚೀನ ಸ್ತ್ರೀತ್ವದ ಕಲ್ಪನೆಯನ್ನು ನಾಟಕ, ಕಾವ್ಯಗಳಿಂದ ಮಾತ್ರ ನಿರ್ಧರಿಸುವವರು ಆದರ್ಶವನ್ನೇ ಚರಿತ್ರೆಯೆಂದು ಭ್ರಮಿಸಿಯಾರು. ಲಕ್ಷಣಗ್ರಂಥದ ಪಕ್ಕದಲ್ಲಿ ಶಾಸನವನ್ನೂ ಇಟ್ಟು ಓದಿದಾಗಲೇ ಅಕ್ಕಾದೇವಿಯ ಶೋಭೆಗೆ ಎರಡೂ ಅರ್ಥಗಳು ಸಲ್ಲುತ್ತವೆ.