ಬಿಸಿನೀರಿನ ಬುಗ್ಗೆಗಳ ಊರಲ್ಲಿ ಹಸಿವಿನ ಸಭೆ: ಬಾತ್ ಕೌಂಟಿ, ವರ್ಜೀನಿಯಾ

ನನ್ನ ಥರ ಸಾಫ್ಟ್‌ವೇರ್ ಕೆಲಸದಲ್ಲಿ ಇರೋರಿಗೆ ವರ್ಜೀನಿಯಾ ಅಂದ ತಕ್ಷಣ ನೆನಪಾಗೋದು ಕ್ಲೌಡ್ ಸರ್ವರ್‌ಗಳು. ಡ್ರಾಪ್‌ಡೌನ್‌ನಲ್ಲಿ ಮೊದಲಿಗೇ ಕಾಣಿಸೋ 'ನಾರ್ತ್ ವರ್ಜೀನಿಯಾ'. ಇವತ್ತು ಅದೇ ರಾಜ್ಯದ ಪಶ್ಚಿಮದ ಬೆಟ್ಟಗಳ ಕಡೆ ಹೋಗೋಣ. ಅಲ್ಲಿ ಬಾತ್ ಅನ್ನೋ ಒಂದು ಕೌಂಟಿ ಇದೆ. ಕೌಂಟಿ ಅಂದ್ರೆ ಸರಿಸುಮಾರು ನಮ್ಮ ಜಿಲ್ಲೆ ಇದ್ದ ಹಾಗೆ, ಆದರೆ 2020ರ ಜನಗಣತಿಯಲ್ಲಿ ಇಡೀ ಕೌಂಟಿಯ ಜನಸಂಖ್ಯೆ 4,209. ನಮ್ಮ ಕಡೆ ಒಂದು ದೊಡ್ಡ ಅಪಾರ್ಟ್‌ಮೆಂಟ್ ಸಮುಚ್ಚಯದಲ್ಲೇ ಅಷ್ಟು ಜನ ಇರ್ತಾರೆ.

1790ರಲ್ಲಿ ಸುತ್ತಲಿನ ಕೌಂಟಿಗಳ ಭಾಗಗಳನ್ನು ಸೇರಿಸಿ ಇದನ್ನು ಮಾಡಿದರು. ಇಂಗ್ಲೆಂಡಿನ ಸ್ನಾನದ ಊರು ಬಾತ್‌ನ ಹೆಸರನ್ನೇ ಇಟ್ಟರು. ಕಾರಣ ಬುಗ್ಗೆಗಳು. ಮುಖ್ಯ ಊರಿನ ಹೆಸರು ವಾರ್ಮ್ ಸ್ಪ್ರಿಂಗ್ಸ್, ಕೆಲವೇ ಮೈಲಿ ಆಚೆಗೆ ಹಾಟ್ ಸ್ಪ್ರಿಂಗ್ಸ್. ಹೆಸರಿಡೋಕೆ ಯಾರೂ ತಲೆ ಕೆಡಿಸಿಕೊಂಡಿಲ್ಲ! ಇಲ್ಲಿ ಜ್ವಾಲಾಮುಖಿ ಇಲ್ಲ. ಮಡಚಿಕೊಂಡ ಸುಣ್ಣಕಲ್ಲಿನ ಪದರಗಳ ಸಂದಿಯಲ್ಲಿ ಮಳೆನೀರು ತುಂಬಾ ಆಳಕ್ಕೆ ಇಳಿದು, ಅಲ್ಲಿ ಕಾದು, ಖನಿಜ ಕರಗಿಸಿಕೊಂಡು ಮೇಲೆ ಬರುತ್ತೆ.

ಥಾಮಸ್ ಜೆಫರ್ಸನ್ ವರ್ಜೀನಿಯಾ ಕುರಿತ ತನ್ನ ಪುಸ್ತಕದಲ್ಲಿ ಈ ಎರಡೂ ಬುಗ್ಗೆಗಳ ಉಷ್ಣಾಂಶ ದಾಖಲಿಸಿದ್ದಾನೆ: ಒಂದು 96 ಡಿಗ್ರಿ ಫ್ಯಾರನ್‌ಹೀಟ್, ಇನ್ನೊಂದು 112. ನಮ್ಮ ಲೆಕ್ಕದಲ್ಲಿ ಸುಮಾರು 36 ಮತ್ತು 44 ಸೆಲ್ಸಿಯಸ್. 1818ರ ಆಗಸ್ಟ್‌ನಲ್ಲಿ, 75ನೇ ವಯಸ್ಸಿಗೆ, ಕೀಲುನೋವು ವಾಸಿಯಾಗಲಿ ಅಂತ ಸ್ವತಃ ಬಂದ. ಸುಮಾರು ಮೂರು ವಾರ ಇದ್ದು, ದಿನಕ್ಕೆ ಮೂರು ಸಲ ನೀರಿಗಿಳಿದ. ಫಲ ಏನಾಯ್ತು ಗೊತ್ತಾ? ಕೂರೋ ಜಾಗದಲ್ಲೇ ಕುರು ಎದ್ದವು. ಮನೆಗೆ ವಾಪಸ್ ಬರೋ ಪ್ರಯಾಣ ನರಕ, ಆಮೇಲೆ ತಿಂಗಳುಗಟ್ಟಲೆ ಕಾಯಿಲೆ. ಆದರೂ ಇಪ್ಪತ್ತನೇ ಶತಮಾನದಲ್ಲಿ ಅದೇ ಕೊಳಗಳಿಗೆ 'ಜೆಫರ್ಸನ್ ಪೂಲ್ಸ್' ಅಂತ ಹೆಸರಿಟ್ಟರು. ಮಾರ್ಕೆಟಿಂಗ್ ಆಗಲೂ ಇತ್ತು ನೋಡಿ.

ಹಾಟ್ ಸ್ಪ್ರಿಂಗ್ಸ್‌ನಲ್ಲಿ 1766ರಲ್ಲಿ ಥಾಮಸ್ ಬುಲಿಟ್ ಶುರು ಮಾಡಿದ ವಸತಿಗೃಹವೇ ಮುಂದೆ 'ಹೋಮ್‌ಸ್ಟೆಡ್' ಹೋಟೆಲ್ ಆಯ್ತು. ಹತ್ತೊಂಬತ್ತನೇ ಶತಮಾನದ ಕೊನೆಗೆ ರೈಲ್ವೆ ಬಂಡವಾಳದವರ ಕೈಗೆ ಬಂತು, 1901ರಲ್ಲಿ ಸುಟ್ಟುಹೋಯ್ತು, ಮತ್ತೆ ಇನ್ನೂ ದೊಡ್ಡದಾಗಿ ಎದ್ದಿತು. ಪರ್ಲ್ ಹಾರ್ಬರ್ ದಾಳಿ ಆದಮೇಲೆ ಅಮೆರಿಕ ಸರ್ಕಾರ ಜಪಾನಿನ ರಾಜತಾಂತ್ರಿಕರನ್ನು ಕೆಲವು ತಿಂಗಳು ಇದೇ ಹೋಟೆಲಿನಲ್ಲಿ ಕಾವಲಿಟ್ಟು ಕೂರಿಸಿತ್ತು.

ನಾನು ಈ ಊರಿನ ಬೆನ್ನು ಹತ್ತಿದ್ದು ಇದಕ್ಕೆಲ್ಲ ಅಲ್ಲ. 1943ರ ಮೇ 18ರಂದು ಅದೇ ಹೋಮ್‌ಸ್ಟೆಡ್‌ನಲ್ಲಿ, ರೂಸ್‌ವೆಲ್ಟ್ ಕರೆದ ಒಂದು ಸಭೆ ಶುರುವಾಯ್ತು. 44 ದೇಶಗಳು, ಜೂನ್ 3ರವರೆಗೆ. ವಿಷಯ: ಯುದ್ಧ ಮುಗಿದ ಮೇಲೆ ಪ್ರಪಂಚಕ್ಕೆ ಊಟ ಹೇಗೆ ಅಂತ. ಪತ್ರಕರ್ತರನ್ನು ಹೋಟೆಲಿನಿಂದ ದೂರ ಇಟ್ಟಿದ್ದಕ್ಕೆ ದೊಡ್ಡ ಗಲಾಟೆಯೇ ಆಯ್ತು. ಹಸಿವಿಗೆ ಮೊದಲ ಕಾರಣ ಬಡತನ ಅಂತ ಸಭೆ ಒಪ್ಪಿ ಬರೆದುಕೊಂಡಿತು. ಇಲ್ಲಿ ಬಿದ್ದ ಬೀಜದಿಂದಲೇ 1945ರ ಅಕ್ಟೋಬರ್ 16ರಂದು ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ ಹುಟ್ಟಿದ್ದು. ಅಕ್ಟೋಬರ್ 16 ವಿಶ್ವ ಆಹಾರ ದಿನ ಆಗಿರೋದು ಅದಕ್ಕೇ.

ಭಾರತದ ನಿಯೋಗವೂ ಅಲ್ಲಿತ್ತು. ಮುಖ್ಯಸ್ಥರು ಸರ್ ಗಿರಿಜಾ ಶಂಕರ್ ಬಾಜಪೇಯಿ. ಈಗ ಆ ದಿನಗಳಲ್ಲಿ ಕಲ್ಕತ್ತೆಯಲ್ಲಿ ಏನಾಗ್ತಿತ್ತು ಅಂತ ನೋಡಿ. 1942ರ ಡಿಸೆಂಬರ್‌ನಲ್ಲಿ ಅಕ್ಕಿಯ ಸಗಟು ಬೆಲೆ ಮಣಕ್ಕೆ, ಅಂದ್ರೆ ಸುಮಾರು 37 ಕೆಜಿಗೆ, 13-14 ರೂಪಾಯಿ. ಮಾರ್ಚ್‌ಗೆ 21. ಮೇ 21ಕ್ಕೆ 30 ದಾಟಿತು. ಅಂದ್ರೆ ಸಭೆ ಶುರುವಾಗಿ ಮೂರನೇ ದಿನಕ್ಕೆ! ಆಗಸ್ಟ್‌ಗೆ 37. ಬರ್ಮಾ ಜಪಾನಿಗರ ಕೈಸೇರಿ ಅಲ್ಲಿಂದ ಅಕ್ಕಿ ನಿಂತಿತ್ತು, ಕರಾವಳಿಯ ದೋಣಿಗಳನ್ನು ಸರ್ಕಾರವೇ ಕಿತ್ತುಕೊಂಡಿತ್ತು, ಮಿಡ್ನಾಪುರಕ್ಕೆ ಚಂಡಮಾರುತ ಬಡಿದಿತ್ತು. ತಕ್ಷಣದ ಪರಿಹಾರ ಆ ಸಭೆಯ ಕೆಲಸವಾಗಿರಲಿಲ್ಲ, ಅದು ನಿಜ. ಆದ್ರೂ ಆ ಎರಡು ತಾರೀಖುಗಳನ್ನು ಪಕ್ಕಪಕ್ಕ ಬರೆದು ನೋಡಿದಾಗ ನನಗೆ ಸುಮ್ಮನೆ ಇರೋಕಾಗಲಿಲ್ಲ.

ನಿಯೋಗದಲ್ಲಿ ಇನ್ನೊಬ್ಬರಿದ್ದರು, ಡಾ. ಡಬ್ಲ್ಯು. ಆರ್. ಐಕ್ರಾಯ್ಡ್. ಊಟಿ ಹತ್ತಿರದ ಕೂನೂರಿನಲ್ಲಿದ್ದ ಪೌಷ್ಟಿಕಾಂಶ ಪ್ರಯೋಗಾಲಯದ ನಿರ್ದೇಶಕರು. ನಮ್ಮ ಅಕ್ಕಿ, ರಾಗಿ, ಬೇಳೆಗಳಲ್ಲಿ ಎಷ್ಟೆಷ್ಟು ಸತ್ವ ಇದೆ ಅಂತ ಪಟ್ಟಿ ಮಾಡಿಸಿದವರು. ಹಾಟ್ ಸ್ಪ್ರಿಂಗ್ಸ್‌ನಿಂದ ಬಂದಮೇಲೆ ಬಂಗಾಳದ ಕ್ಷಾಮದ ವಿಚಾರಣಾ ಆಯೋಗದಲ್ಲಿ ಸದಸ್ಯರಾದರು. ಸತ್ತವರು ಸುಮಾರು 15 ಲಕ್ಷ ಅಂತ ಆಯೋಗ ವರದಿ ಕೊಟ್ಟಿತು. ಆ ಅಂದಾಜಿನ ಹೊಣೆ ಐಕ್ರಾಯ್ಡ್ ಅವರದ್ದೇ. 1974ರಲ್ಲಿ ಕ್ಷಾಮಗಳ ಬಗ್ಗೆ ಬರೆದ ಪುಸ್ತಕದಲ್ಲಿ ಅವರೇ ಒಪ್ಪಿಕೊಂಡರು: ಅದು ಕಮ್ಮಿ ಆಯ್ತು, ರಸ್ತೆ ಬದಿಯಲ್ಲಿ ಸತ್ತವರನ್ನು ಸಾಕಷ್ಟು ಲೆಕ್ಕಕ್ಕೆ ತಗೊಂಡಿರಲಿಲ್ಲ ಅಂತ. ಅಮರ್ತ್ಯ ಸೇನ್ ಅವರ ಅಂದಾಜು ಸುಮಾರು 30 ಲಕ್ಷ. ದಿನಾ ಡೇಟಾ ಜೊತೆ ಗುದ್ದಾಡೋನು ನಾನು. ಕಾಲಂ ಖಾಲಿ ಬಿಟ್ಟರೆ ಮೊತ್ತ ಕಮ್ಮಿ ಬರುತ್ತೆ ಅಂತ ನಮಗೆ ಗೊತ್ತು. ಇಲ್ಲಿ ಖಾಲಿ ಬಿಟ್ಟಿದ್ದು ಮನೆ ಬಿಟ್ಟು ಪಟ್ಟಣದ ದಾರಿ ಹಿಡಿದವರ ಸಾಲನ್ನು.

ಆ ಕೂನೂರು ಪ್ರಯೋಗಾಲಯ 1958ರಲ್ಲಿ ಹೈದರಾಬಾದಿಗೆ ಬಂತು. ಈಗಿನ ರಾಷ್ಟ್ರೀಯ ಪೋಷಣಾ ಸಂಸ್ಥೆ ಅದೇ. ತಾರ್ನಾಕಾ ಕಡೆ ಓಡಾಡೋ ಕನ್ನಡಿಗರು ಅದರ ಗೇಟು ನೋಡಿಯೇ ಇರ್ತೀರಿ, ನಾನೂ ವರ್ಷಗಟ್ಟಲೆ ಮುಂದೆಯೇ ಹಾದು ಹೋಗಿದ್ದೀನಿ.

ಬಾತ್ ಕೌಂಟಿಯ ಆ ಹಳೇ ಮರದ ಸ್ನಾನಗೃಹಗಳು ಶಿಥಿಲವಾಗಿ 2017ರಲ್ಲಿ ಮುಚ್ಚಿದ್ದವು. ದುರಸ್ತಿಯಾಗಿ 2022ರ ಕೊನೆಗೆ ಮತ್ತೆ ತೆರೆದಿವೆ. ಈಗ ಜೆಫರ್ಸನ್ ಹೆಸರು ತೆಗೆದು, ಬರೀ 'ವಾರ್ಮ್ ಸ್ಪ್ರಿಂಗ್ಸ್ ಪೂಲ್ಸ್' ಅಂತ ಕರೀತಾರೆ.