ಡಾರ್ಟ್ ನದಿ

ಡಾರ್ಟ್: ಇಂಗ್ಲೆಂಡಿನ ನೈಋತ್ಯದ ಡೆವನ್ ಕೌಂಟಿಯ ನದಿ. ಡಾರ್ಟ್‌ಮೂರ್ ಎಂಬ ಗ್ರಾನೈಟ್ ಪ್ರಸ್ಥಭೂಮಿಯಲ್ಲಿ ಹುಟ್ಟಿ, ಸುಮಾರು 75 ಕಿ.ಮೀ. ಹರಿದು, ಡಾರ್ಟ್‌ಮತ್ ಪಟ್ಟಣದ ಬಳಿ ಇಂಗ್ಲಿಷ್ ಕಡಲ್ಗಾಲುವೆಯನ್ನು ಸೇರುತ್ತದೆ. ಪ್ರಸ್ಥಭೂಮಿಗೆ ಹೆಸರು ಬಂದದ್ದು ಈ ನದಿಯಿಂದಲೇ.

ಪೂರ್ವ ಡಾರ್ಟ್, ಪಶ್ಚಿಮ ಡಾರ್ಟ್ ಎಂಬ ಎರಡು ಕವಲುಗಳು ಸಮುದ್ರಮಟ್ಟದಿಂದ 500 ಮೀಟರಿಗೂ ಎತ್ತರದಲ್ಲಿ, ಮರಗಳಿಲ್ಲದ ಜವುಗಿನಲ್ಲಿ ಹುಟ್ಟಿ ಡಾರ್ಟ್‌ಮೀಟ್ ಎಂಬಲ್ಲಿ ಕೂಡುತ್ತವೆ. ಅಲ್ಲಿನ ನೆಲವೆಂದರೆ ಕೊಳೆತೂ ಕೊಳೆಯದ ಸಸ್ಯಗಳು ಸಾವಿರಾರು ವರ್ಷಗಳಿಂದ ಪದರಗಟ್ಟಿದ ಪೀಟ್; ಅದರ ಕೆಳಗೆ ನೀರು ಇಂಗಗೊಡದ ಗ್ರಾನೈಟ್. ಮೂರ್ ಎನ್ನಲಾಗುವ ಈ ಬಯಲು ಪ್ರಸ್ಥಭೂಮಿಯ ಎತ್ತರದ ಭಾಗಗಳಲ್ಲಿ ವರ್ಷಕ್ಕೆ ಸುಮಾರು 2,000 ಮಿ.ಮೀ. ಮಳೆ ಬೀಳುತ್ತದೆ. ಪೀಟ್ ತುಂಬಿದ ಮೇಲೆ ಬಿದ್ದ ಮಳೆಯೆಲ್ಲ ಮೇಲ್ಮೈಯಲ್ಲೇ ಜಾರಿ, ಚಹಾದ ಬಣ್ಣ ತಾಳಿ, ಹೊಳೆಗೆ ಧುಮುಕುತ್ತದೆ. ಹೀಗಾಗಿ ಡಾರ್ಟ್ ಕೆಲವೇ ಗಂಟೆಗಳಲ್ಲಿ ಏರುತ್ತದೆ, ಅಷ್ಟೇ ಬೇಗ ಇಳಿಯುತ್ತದೆ. ಪ್ರತಿವರ್ಷ ಒಂದು ಜೀವವನ್ನು ಹೊಳೆ ತೆಗೆದುಕೊಳ್ಳುತ್ತದೆ ಎಂಬ ಸ್ಥಳೀಯರ ಹಳೆಯ ಮಾತನ್ನು ಬರೀ ಮೂಢನಂಬಿಕೆಯೆಂದು ತಳ್ಳಿಹಾಕುವಂತಿಲ್ಲ. ಈ ದಿಢೀರ್ ನೆರೆಯನ್ನು ಕಂಡವರ ಅನುಭವ ಅದರಲ್ಲಿದೆ.

ಪಶ್ಚಿಮ ಕವಲಿನ ದಂಡೆಯ ಮೇಲಿನ ವಿಸ್ಟ್‌ಮನ್ಸ್ ವುಡ್ ಪುಟ್ಟ ಕಾಡು. ಬಂಡೆಗಳ ಸಂದಿನಲ್ಲಿ ಬೇರುಬಿಟ್ಟ ಕುಳ್ಳ ಓಕ್ ಮರಗಳನ್ನು ಪಾಚಿ, ಕಲ್ಲುಹೂಗಳು ಪೂರಾ ಮುಚ್ಚಿವೆ. ಡಾರ್ಟ್‌ಮೀಟ್‌ನಿಂದ ಕೆಳಗೆ ನದಿ ಕಡಿದಾದ ಓಕ್ ಕಣಿವೆಗಳನ್ನು ಹಾದು ಬಕ್‌ಫಾಸ್ಟ್‌ಲಿ ಬಳಿ ಬಯಲಿಗಿಳಿಯುತ್ತದೆ. ಟಾಟ್ನೆಸ್‌ನ ಅಣೆಕಟ್ಟೆಯವರೆಗೆ ಉಬ್ಬರದ ನೀರು ಬರುತ್ತದೆ. ಅಲ್ಲಿಂದ ಮುಂದಿನದು ಹಿಮಯುಗದ ನಂತರ ಕಡಲು ಏರಿ ಮುಳುಗಿಸಿದ ಕಣಿವೆ.

ಮೂರ್‌ನ ಹಳೆಯ ಸಂಪತ್ತು ತವರ. ಮಧ್ಯಯುಗದಲ್ಲಿ ತವರಗಾರರು ತೊರೆಗಳ ದಿಕ್ಕು ತಿರುಗಿಸಿ, ಮರಳು ತೊಳೆದು ಅದಿರು ಬೇರ್ಪಡಿಸುತ್ತಿದ್ದರು; ಅವರು ಅಗೆದ ಕೊರಕಲುಗಳು ಇಂದಿಗೂ ಕಾಣುತ್ತವೆ. 1305ರಲ್ಲಿ ಮೊದಲನೆಯ ಎಡ್ವರ್ಡ್ ದೊರೆ ಅವರಿಗೆ ಸನ್ನದು ಕೊಟ್ಟ. ಹೇರು ಕುದುರೆಗಳು ಹೊಳೆ ದಾಟಲೆಂದು ಪೋಸ್ಟ್‌ಬ್ರಿಜ್‌ನಲ್ಲಿ ಕಟ್ಟಿದ ಸೇತುವೆಯಲ್ಲಿ ಕಮಾನಿಲ್ಲ, ಗಾರೆಯಿಲ್ಲ. ಕಲ್ಲು ಪೇರಿಸಿದ ಕಂಬಗಳು, ಮೇಲೆ ಭಾರಿ ಗ್ರಾನೈಟ್ ಚಪ್ಪಡಿಗಳು, ಅಷ್ಟೇ. ಎಷ್ಟೋ ನೆರೆಗಳನ್ನು ತಾಳಿ ಅದು ನಿಂತಿದೆ. ಅಂಥದೇ ಡಾರ್ಟ್‌ಮೀಟ್‌ನ ಸೇತುವೆ ಭಾಗಶಃ ಮಾತ್ರ ಉಳಿದಿದೆ.

ಕೆಳಗಣ ದಂಡೆಯ ಬಕ್‌ಫಾಸ್ಟ್ ಮಠ 1018ರಲ್ಲಿ ಸ್ಥಾಪನೆಯಾಗಿ, 1539ರಲ್ಲಿ ಮುಚ್ಚಿಹೋಗಿ, 1882ರಲ್ಲಿ ಸನ್ಯಾಸಿಗಳು ಮರಳಿದ ಮೇಲೆ ಮತ್ತೆ ತಲೆಯೆತ್ತಿತು. ಭಾರತೀಯರು ಗಮನಿಸಬೇಕಾದ ತಾಣ ಡಾರ್ಟಿಂಗ್ಟನ್ ಹಾಲ್. ರವೀಂದ್ರನಾಥ ಠಾಕೂರರೊಡನೆ ಶ್ರೀನಿಕೇತನದಲ್ಲಿ ಗ್ರಾಮ ಪುನರ್‌ನಿರ್ಮಾಣದ ಕೆಲಸ ಮಾಡಿದ ಲಿಯೊನಾರ್ಡ್ ಎಲ್ಮ್‌ಹರ್ಸ್ಟ್, ಪತ್ನಿ ಡೊರೊಥಿಯೊಂದಿಗೆ 1925ರಲ್ಲಿ ಈ ಹಳೆಯ ಎಸ್ಟೇಟನ್ನು ಕೊಂಡು, ಕೃಷಿ, ಕಲೆ, ಶಿಕ್ಷಣಗಳ ಪ್ರಯೋಗಶಾಲೆಯಾಗಿಸಿದರು. ಠಾಕೂರರೂ ಇಲ್ಲಿಗೆ ಬಂದು ತಂಗಿದ್ದರು. ಇನ್ನೂ ಕೆಳಗೆ, ಅಗಾಥಾ ಕ್ರಿಸ್ಟಿ 1938ರಲ್ಲಿ ಕೊಂಡ ಗ್ರೀನ್‌ವೇ ಮನೆಯಿದೆ. ಆವಿಯಂತ್ರದ ಥಾಮಸ್ ನ್ಯೂಕಮನ್ ಡಾರ್ಟ್‌ಮತ್‌ನವನು. ದಂಡೆಯವರ ಮಾತುಗಳನ್ನೇ ಹೆಣೆದು ಕವಯಿತ್ರಿ ಆಲಿಸ್ ಆಸ್ವಾಲ್ಡ್ ಬರೆದ ‘ಡಾರ್ಟ್’ ಕಾವ್ಯ 2002ರಲ್ಲಿ ಪ್ರಕಟವಾಗಿ ಟಿ.ಎಸ್. ಎಲಿಯಟ್ ಪ್ರಶಸ್ತಿ ಪಡೆಯಿತು.

ಡಾರ್ಟ್‌ಮೂರ್ 1951ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು. ಕಯಾಕ್ ಸವಾರರ ಪಾಲಿಗೆ ಡಾರ್ಟ್ ಇಂಗ್ಲೆಂಡಿನ ಪ್ರಮುಖ ಹೊಳೆಗಳಲ್ಲೊಂದು. ಡಾರ್ಟ್‌ಮೀಟ್‌ನಿಂದ ನ್ಯೂಬ್ರಿಜ್‌ವರೆಗಿನ ಮೇಲ್‌ಡಾರ್ಟ್ ಬಂಡೆಗಳಿಂದ ತುಂಬಿದ್ದು, ನುರಿತವರಿಗೆ ಮಾತ್ರ. ಅಲ್ಲಿಂದ ಹೋನ್ ಸೇತುವೆವರೆಗಿನ ‘ಲೂಪ್’ ತುಸು ಸೌಮ್ಯ. ಸಾಲ್ಮನ್, ಕಡಲ ಟ್ರೌಟ್ ಮೀನುಗಳು ಮೊಟ್ಟೆಯಿಡಲು ಈ ನದಿಯನ್ನೇರುವುದರಿಂದ ಗಾಳಗಾರರಿಗೂ ದೋಣಿಯವರಿಗೂ ಹೊಂದಾಣಿಕೆಯಾಗಿ, ರೂಢಿಯಂತೆ ದೋಣಿಯಾಟ ಚಳಿಗಾಲದ ಅರ್ಧವರ್ಷಕ್ಕೆ ಸೀಮಿತವಾಗಿತ್ತು. ಬೇಸಿಗೆಯಲ್ಲಿ ಸ್ಪಿಚ್‌ವಿಕ್, ಷಾರಾ ಮಡುಗಳಲ್ಲಿ ಈಜುಗಾರರ ಗುಂಪು ಸೇರುತ್ತದೆ. ಟಾಟ್ನೆಸ್‌ನಿಂದ ಡಿಟಿಷಮ್‌ವರೆಗಿನ 10 ಕಿ.ಮೀ. ಈಜು ದೂರದೂರದವರನ್ನು ಸೆಳೆಯುತ್ತದೆ.

ತೆರೆದ ಮೂರ್‌ನಲ್ಲಿ ಡೇರೆ ಹಾಕಿ ರಾತ್ರಿ ಕಳೆಯುವ ಹಕ್ಕು ಕೋರ್ಟು ಮೆಟ್ಟಿಲೇರಿತು. 2023ರ ಜನವರಿಯಲ್ಲಿ ಹೈಕೋರ್ಟ್ ಅದನ್ನು ನಿರಾಕರಿಸಿತು; ಅದೇ ವರ್ಷದ ಜುಲೈನಲ್ಲಿ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ರದ್ದುಮಾಡಿತು. 1985ರ ಡಾರ್ಟ್‌ಮೂರ್ ಕಾಮನ್ಸ್ ಕಾಯ್ದೆ ಹೇಳುವ ಬಯಲು ವಿಹಾರದಲ್ಲಿ ಡೇರೆವಾಸವೂ ಸೇರುತ್ತದೆಂದು ಸುಪ್ರೀಂ ಕೋರ್ಟ್ 2025ರ ಮೇ ತಿಂಗಳಲ್ಲಿ ಎತ್ತಿಹಿಡಿಯಿತು.