ತೆರೆಯ ಮೇಲೆ ರಸಿಕ, ಮನೆಯಲ್ಲಿ ಕೈಬಿಡದ ಗಂಡ

ಪ್ರವಾಸ ಸಂಸ್ಥೆಯೊಂದರಲ್ಲಿ ದುಡಿಯುವ ಸಾಮಾನ್ಯ ಗುಮಾಸ್ತ. ತಿಂಗಳೆಲ್ಲ ಉಳಿಸಿದ ಹಣವನ್ನು ಜೇಬಿಗಿಳಿಸಿ, ತಿಂಗಳಿಗೊಂದು ರಾತ್ರಿ ಸಿರಿವಂತನ ವೇಷದಲ್ಲಿ ಐಷಾರಾಮಿ ಬಾರ್‌ಗೆ ಹೋಗುತ್ತಾನೆ. ತಾನು ಕಾಣದ ದೂರದೇಶಗಳ ಕಥೆ ಹೇಳಿ ಹೆಂಗಳೆಯರ ಮನಸ್ಸು ಕರಗಿಸುತ್ತಾನೆ. ಕಡೆಗೆ ಕಣ್ಣು ಮುಚ್ಚಿಕೊಳ್ಳಲು ಹೇಳಿ, ಸದ್ದಿಲ್ಲದೆ ಮಾಯವಾಗುತ್ತಾನೆ. ಮನೆಯಲ್ಲಿ ಹೆಂಡತಿ ಕಾದಿರುತ್ತಾಳೆ.

1939ರಲ್ಲಿ ಮಾರ್ಟಿನ್ ಫ್ರಿಚ್ ನಿರ್ದೇಶಿಸಿದ ‘ಕ್ರಿಸ್ತಿಯಾನ್’ ಎಂಬ ಜೆಕ್ ಚಿತ್ರದ ಕಥೆಯಿದು. ಗುಮಾಸ್ತನ ಪಾತ್ರ ವಹಿಸಿದ ಓಲ್ಡ್ರಿಖ್ ನೋವಿ ಈ ಒಂದೇ ಚಿತ್ರದಿಂದ ಜೆಕ್ ಜನರ ಪಾಲಿಗೆ ಸೊಗಸುಗಾರಿಕೆಯ ಇನ್ನೊಂದು ಹೆಸರಾದರು. ಆದರೆ ಹೆಣ್ಣಿಗೆ ಕಣ್ಣು ಮುಚ್ಚಿಸಿ ಹೊರಟುಹೋಗುವ ಈ ನಾಯಕನಿಗೆ ನಿಜಜೀವನದಲ್ಲಿ ಎದುರಾದ ಪ್ರಶ್ನೆ ಬೇರೆಯೇ ಆಗಿತ್ತು. ಹೆಂಡತಿಯನ್ನು ಬಿಟ್ಟು ಹೋಗುವುದೇ, ಉಳಿಯುವುದೇ?

ನೋವಿ ಹುಟ್ಟಿದ್ದು 1899ರಲ್ಲಿ, ಪ್ರಾಗ್ ನಗರದ ಝಿಝ್ಕೋವ್ ಎಂಬ ಬಡಾವಣೆಯಲ್ಲಿ. ಕಲಿತ ಕಸುಬು ಮುದ್ರಣಾಲಯದಲ್ಲಿ ಅಚ್ಚುಮೊಳೆ ಜೋಡಿಸುವುದು. ಒಲವು ಮಾತ್ರ ರಂಗಭೂಮಿಯ ಕಡೆಗೆ. 1919ರಿಂದ 1935ರವರೆಗೆ ಬ್ರನೋ ನಗರದಲ್ಲಿ ಹಾಡು-ಹಾಸ್ಯ ಬೆರೆತ ಅಪೆರೆಟಾಗಳಲ್ಲಿ ಪಳಗಿದರು. ನಂತರ ಪ್ರಾಗ್‌ಗೆ ಮರಳಿ ‘ಹೊಸ ರಂಗಮಂದಿರ’ವನ್ನು ನಡೆಸಿದರು. ಸಿನಿಮಾದಲ್ಲಿ ನಾಯಕನಾಗಿ ಮಿಂಚಿದಾಗ ಅವರ ವಯಸ್ಸು ನಲವತ್ತರ ಆಸುಪಾಸು. ಕೂಗಾಟವಿಲ್ಲದ ಮಾತು, ತಗ್ಗಿದ ದನಿಯ ಹಾಡು, ಹಿತಮಿತವಾದ ಹಾಸ್ಯ ಅವರ ಬಂಡವಾಳವಾಗಿದ್ದವು.

ಅದೇ 1939ರ ಮಾರ್ಚ್ 15ರಂದು ಹಿಟ್ಲರನ ಸೇನೆ ಪ್ರಾಗ್ ಪ್ರವೇಶಿಸಿತ್ತು. ಯಹೂದಿಗಳ ವಿರುದ್ಧದ ಕಾನೂನುಗಳು ಒಂದರ ಹಿಂದೊಂದರಂತೆ ಜಾರಿಗೆ ಬಂದವು. ನೋವಿಯವರ ಪತ್ನಿ ಆಲಿಸ್ ಯಹೂದಿ ಮೂಲದವರು. ಯಹೂದ್ಯೇತರರನ್ನು ಮದುವೆಯಾದ ಯಹೂದಿಗಳನ್ನು ಆರಂಭದಲ್ಲಿ ಸಾಮಾನ್ಯವಾಗಿ ಶಿಬಿರಗಳಿಗೆ ಅಟ್ಟುತ್ತಿರಲಿಲ್ಲ. ಆ ಮದುವೆಯೇ ಅವರ ರಕ್ಷೆ. ಹೀಗಾಗಿ ವಿಚ್ಛೇದನವೆಂದರೆ ಬರಿಯ ಸಂಸಾರ ಮುರಿಯುವುದಲ್ಲ, ಸಂಗಾತಿಯನ್ನು ಸಾವಿನ ರೈಲಿಗೆ ಹತ್ತಿಸಿದಂತೆಯೇ ಸರಿ. ಆದರೂ ಒತ್ತಡಕ್ಕೆ ಮಣಿದು, ಉದ್ಯೋಗ ಉಳಿಸಿಕೊಳ್ಳಲು ಬೇರೆಯಾದವರಿದ್ದರು. ನೋವಿ ಮಣಿಯಲಿಲ್ಲ.

ಯುದ್ಧದ ಆ ದಿನಗಳಲ್ಲೂ ‘ಹೋಟೆಲ್ ನೀಲಿ ನಕ್ಷತ್ರ’ದಂಥ (1941) ಹಾಸ್ಯಚಿತ್ರಗಳಲ್ಲಿ ಅವರು ನಟಿಸಿದರು. ಕತ್ತಲಲ್ಲಿ ಕುಳಿತ ಪ್ರೇಕ್ಷಕರಿಗೆ ಕಂಡದ್ದು ನಗುಮುಖ. ಆ ಮುಖದ ಹಿಂದೆ ಅನುದಿನದ ಆತಂಕ. ಕೊನೆಗೆ ಖ್ಯಾತಿಯೂ ಕಾಪಾಡಲಿಲ್ಲ. 1944ರಲ್ಲಿ ಅವರನ್ನು ಜರ್ಮನಿಯ ಓಸ್ಟರೋಡೆಯ ದುಡಿಮೆ ಶಿಬಿರಕ್ಕೆ ಸಾಗಿಸಲಾಯಿತು. ಆಲಿಸ್ ತೆರೆಜಿನ್ ಶಿಬಿರದ ಪಾಲಾದರು. ಪ್ರಾಗ್‌ನ ಉತ್ತರಕ್ಕಿರುವ ಆ ಕೋಟೆಯೂರಿನಿಂದ ಸಾವಿರಾರು ಯಹೂದಿಗಳು ಆಷ್‌ವಿಟ್ಜ್‌ಗೆ ಹೋಗಿ ಮರಳಲಿಲ್ಲ. ದೈವವಶಾತ್ ಗಂಡಹೆಂಡಿರಿಬ್ಬರೂ ಬದುಕಿ ಬಂದು ಒಂದಾದರು.

ಯುದ್ಧ ಮುಗಿದ ಮೇಲೆ ಕಾಲ ಬದಲಾಗಿತ್ತು. 1945ರಲ್ಲಿ ಚಿತ್ರೋದ್ಯಮ ರಾಷ್ಟ್ರೀಕರಣಗೊಂಡಿತು. 1948ರಲ್ಲಿ ಕಮ್ಯುನಿಸ್ಟರು ಅಧಿಕಾರ ಹಿಡಿದರು. ಕಾರ್ಖಾನೆ, ಕಾರ್ಮಿಕರ ಕಥೆಗಳಿಗೆ ಮನ್ನಣೆ ದೊರೆತಾಗ ಕೋಟು-ಟೈ ಧರಿಸಿದ ನಯನಾಜೂಕಿನ ನಾಯಕನಿಗೆ ಜಾಗ ಕಿರಿದಾಯಿತು. 1949ರಲ್ಲಿ ಫ್ರಿಚ್ ಅವರೇ ಹಳೆಯ ಸಿಹಿಸಿಹಿ ಪ್ರೇಮಚಿತ್ರಗಳನ್ನು ಅಣಕಿಸುವ ಚಿತ್ರ ಮಾಡಿದರು. ಅದರಲ್ಲಿ ಉದಾರಿ ಕೋಟ್ಯಧೀಶನಾಗಿ ನೋವಿ ತಮ್ಮ ವರ್ಚಸ್ಸನ್ನೇ ಗೇಲಿ ಮಾಡಿಕೊಂಡರು.

ಆಲಿಸ್ 1967ರಲ್ಲಿ ತೀರಿಕೊಂಡರು. ಎರಡು ವರ್ಷದ ಬಳಿಕ ‘ಸ್ವೆತಾತ್ಸಿ’ ಎಂಬ ಹಾಸ್ಯಚಿತ್ರದಲ್ಲಿ, ರಾಜಧಾನಿಯ ರಾತ್ರಿಜೀವನ ಸವಿಯಬಯಸುವ ಮೂವರು ಒರಟು ಕಟ್ಟಡ ಕೆಲಸಗಾರರಿಗೆ ಶಿಷ್ಟಾಚಾರ ಹೇಳಿಕೊಡುವ ಹಿರಿಯ ಗುರುವಾಗಿ ನೋವಿ ಕಾಣಿಸಿಕೊಂಡರು. 1983ರ ಮಾರ್ಚ್ 15ರಂದು ಅವರು ನಿಧನರಾದರು.

‘ಕ್ರಿಸ್ತಿಯಾನ್’ ಚಿತ್ರದ ಕೊನೆಯಲ್ಲಿ ಗುಮಾಸ್ತ ತನ್ನ ಹೆಂಡತಿಯ ಬಳಿಗೇ ಮರಳುತ್ತಾನೆ. ಅದು ಕಥೆಗಾರ ಬರೆದುಕೊಟ್ಟ ಮುಕ್ತಾಯ. ನೋವಿಯವರ ಬಾಳಿನಲ್ಲಿ ಅದನ್ನು ಬರೆದುಕೊಡುವವರು ಇರಲಿಲ್ಲ. ಸಭ್ಯತೆಯೆಂಬುದು ಉಡುಪಿನಲ್ಲಿಲ್ಲ ಎಂಬ ಮಾತಿಗೆ ಅವರು ತೆತ್ತ ಬೆಲೆಯೇ ಸಾಕ್ಷಿ.